ಬೆಟ್ಟದ ಮೇಲೆ ಜಾರದೆ ನಿಂತ ಊರು

ಮಾಚು ಪಿಚುವಿನ ಚಿತ್ರವನ್ನು ನೀವು ಎಲ್ಲಾದರೂ ನೋಡಿಯೇ ಇರುತ್ತೀರಿ. ಹಿಂದೆ ಒಂದು ಚೂಪಾದ ಶಿಖರ, ನಡುವೆ ಹಸಿರು ಬಯಲು, ಸುತ್ತಲೂ ಸೂರಿಲ್ಲದ ಕಲ್ಲುಗೋಡೆಗಳು, ಅಲ್ಲಲ್ಲಿ ಮೇಯುವ ಲಾಮಾಗಳು. ಆದರೆ ಇಂಕಾ ಜನ ಅಲ್ಲಿ ಮಾಡಿದ ಕೆಲಸದಲ್ಲಿ ಅರ್ಧಕ್ಕಿಂತ ಹೆಚ್ಚಿನದು ಆ ಚಿತ್ರದಲ್ಲಿ ಇಲ್ಲವೇ ಇಲ್ಲ! ಅಲ್ಲಿನ ನೀರಿನ ವ್ಯವಸ್ಥೆಯನ್ನು ವರ್ಷಗಟ್ಟಲೆ ಅಳೆದು ನೋಡಿದ ಅಮೆರಿಕದ ಎಂಜಿನಿಯರ್ ಕೆನೆತ್ ರೈಟ್ ಅವರ ಅಂದಾಜಿನಂತೆ, ಆ ಊರು ಕಟ್ಟಲು ಪಟ್ಟ ಶ್ರಮದಲ್ಲಿ ನೂರಕ್ಕೆ ಅರವತ್ತು ಪಾಲು ನೆಲದ ಕೆಳಗಿದೆ.

ನಾವು ಈಗ ಹೊರಟಿರುವುದು ಅದನ್ನು ನೋಡಲು. ನೆಲದಡಿ ಇರುವುದನ್ನು ನೋಡುವುದು ಹೇಗೆ ಅಂತೀರಾ? ಅದಕ್ಕೊಂದು ಉಪಾಯವಿದೆ. ಊರಿನಲ್ಲಿ ಎಲ್ಲೇ ನಿಂತರೂ ಒಂದೇ ಪ್ರಶ್ನೆ ಕೇಳುತ್ತಾ ಹೋಗೋಣ: ಇಲ್ಲಿ ಬಿದ್ದ ಮಳೆನೀರು ಎಲ್ಲಿಗೆ ಹೋಗುತ್ತದೆ?

ಮಾಚು ಪಿಚು ಇರುವುದು ದಕ್ಷಿಣ ಅಮೆರಿಕದ ಪೆರು ದೇಶದಲ್ಲಿ, ಆಂಡಿಸ್ ಪರ್ವತಗಳ ನಡುವೆ. ಇಂಕಾ ಅರಸರ ರಾಜಧಾನಿ ಕುಸ್ಕೊ. ಅಲ್ಲಿಂದ ಬಂದವರು ಓಯಾಂಟಾಯ್‌ಟಾಂಬೊ ಎಂಬ ಊರಿನಲ್ಲಿ ರೈಲು ಹತ್ತಿದರೆ, ಅದು ಉರುಬಂಬಾ ನದಿಯ ಪಕ್ಕದಲ್ಲೇ ಇಳಿಯುತ್ತಾ ಹೋಗುತ್ತದೆ. ಹೌದು, ಇಳಿಯುತ್ತಾ. ಕುಸ್ಕೊ ಸಮುದ್ರಮಟ್ಟದಿಂದ ಸುಮಾರು 3400 ಮೀಟರ್ ಎತ್ತರದಲ್ಲಿದೆ, ಮಾಚು ಪಿಚು ಅದಕ್ಕಿಂತ ಹೆಚ್ಚು ಕಡಿಮೆ ಒಂದು ಕಿಲೋಮೀಟರ್ ಕೆಳಗೆ, 2430 ಮೀಟರ್ ಎತ್ತರದಲ್ಲಿದೆ. ಕುಸ್ಕೊದಲ್ಲಿ ನಾಲ್ಕು ಮೆಟ್ಟಿಲು ಹತ್ತಿದರೂ ಏದುಸಿರು ಬರುತ್ತದೆ. ಅಲ್ಲಿ ಗಾಳಿ ತೆಳು, ಒಂದೊಂದು ಉಸಿರಿಗೂ ಸಿಗುವ ಆಮ್ಲಜನಕ ಕಡಿಮೆ. ರೈಲು ಇಳಿದಂತೆ ಉಸಿರು ಸರಾಗವಾಗುತ್ತದೆ, ಗಾಳಿಯಲ್ಲಿ ತೇವ ಹೆಚ್ಚುತ್ತದೆ, ಕಾಡು ದಟ್ಟವಾಗುತ್ತದೆ. ಅಮೆಜಾನ್ ಕಡೆಯಿಂದ ಬರುವ ತೇವದ ಗಾಳಿ ಈ ಬೆಟ್ಟಗಳಿಗೆ ತಾಗಿ ಮೇಲೇರುತ್ತದೆ, ಏರುತ್ತಾ ತಣ್ಣಗಾಗುತ್ತದೆ, ಮೋಡ ಕಟ್ಟುತ್ತದೆ, ಮಳೆ ಸುರಿಸುತ್ತದೆ. ವರ್ಷಕ್ಕೆ ಸುಮಾರು 2000 ಮಿಲಿಮೀಟರ್.

ಅದೆಷ್ಟು ನೀರು ಎಂದು ಲೆಕ್ಕ ಹಾಕೋಣ. ಒಂದು ಮೀಟರ್ ಉದ್ದ, ಒಂದು ಮೀಟರ್ ಅಗಲದ ಜಾಗದಲ್ಲಿ ಒಂದು ಮಿಲಿಮೀಟರ್ ಮಳೆ ಬಿದ್ದರೆ ಅದು ಸರಿಯಾಗಿ ಒಂದು ಲೀಟರ್ ನೀರು. ಹಾಗಾದರೆ 2000 ಮಿಲಿಮೀಟರ್ ಎಂದರೆ 2000 ಲೀಟರ್, ಅಂದರೆ ಎರಡು ಟನ್ ತೂಕ. ನೀವು ಕೂತು ಊಟ ಮಾಡುವಷ್ಟು ಜಾಗದ ಮೇಲೆ ವರ್ಷವರ್ಷವೂ ಎರಡು ಟನ್ ನೀರು! ಅದರಲ್ಲೂ ಬಹುಪಾಲು ನವೆಂಬರಿನಿಂದ ಏಪ್ರಿಲ್‌ವರೆಗಿನ ಕೆಲವೇ ತಿಂಗಳಲ್ಲಿ.

ಊರು ಇರುವ ಜಾಗವಾದರೂ ಎಂಥದ್ದು? ಎರಡು ಶಿಖರಗಳ ನಡುವಿನ ಕಿರಿದಾದ ಏಣು. ಮೂರು ಕಡೆ ಕಡಿದಾದ ಕಣಿವೆ, ನಾನೂರು ಮೀಟರಿಗೂ ಹೆಚ್ಚು ಕೆಳಗೆ ಸುತ್ತಿ ಹರಿಯುವ ಉರುಬಂಬಾ. ಕಾಲಡಿಯ ಗ್ರಾನೈಟ್ ಬಂಡೆಗೆ ಸುಮಾರು 25 ಕೋಟಿ ವರ್ಷ ವಯಸ್ಸು, ಅದರ ತುಂಬಾ ಬಿರುಕುಗಳು. ಇಳಿಜಾರಿನ ಮಣ್ಣಿನಲ್ಲಿ ನೀರು ನಿಂತರೆ ಏನಾಗುತ್ತದೆ ಎಂಬುದು 2018ರ ಮಳೆಗಾಲದಲ್ಲಿ ಕೊಡಗಿನ ಗುಡ್ಡಗಳು ಕುಸಿದದ್ದನ್ನು ಕಂಡ, ಕೇಳಿದ ನಮಗೆ ಹೇಳಿಕೊಡಬೇಕಿಲ್ಲ. ಒಣಮಣ್ಣಿನ ಕಣಗಳು ಒಂದನ್ನೊಂದು ಒತ್ತಿ ಹಿಡಿದುಕೊಂಡಿರುತ್ತವೆ. ಕಣಗಳ ನಡುವಿನ ಸಂದುಗಳಲ್ಲಿ ನೀರು ತುಂಬಿಕೊಂಡರೆ ಅದು ಕಣಗಳನ್ನು ದೂರ ತಳ್ಳುತ್ತದೆ, ಹಿಡಿತ ಸಡಿಲವಾಗುತ್ತದೆ, ಮೇಲೆ ನೀರಿನ ತೂಕವೂ ಸೇರುತ್ತದೆ. ಮಣ್ಣು ಜಾರುತ್ತದೆ.

ಇಂಥ ಕಡೆ ಊರು ಕಟ್ಟಿದವರು 1420ರ ಸುಮಾರಿಗೆ ಇಲ್ಲಿಗೆ ಬಂದಿದ್ದರು. ಆ ಹೊತ್ತಿಗೆ ನಮ್ಮ ವಿಜಯನಗರದಲ್ಲಿ ಎರಡನೇ ದೇವರಾಯನ ಆಳ್ವಿಕೆ ಶುರುವಾಗುವುದರಲ್ಲಿತ್ತು. ಇದು ಪಚಕುಟಿ ಎಂಬ ಇಂಕಾ ಅರಸನಿಗಾಗಿ ಕಟ್ಟಿದ ತಾಣ ಎಂದು ವಿದ್ವಾಂಸರು ಹೇಳುತ್ತಾರೆ. ಕಟ್ಟಿದವರ ಬಳಿ ಕಬ್ಬಿಣದ ಉಳಿ ಇರಲಿಲ್ಲ. ಚಕ್ರದ ಗಾಡಿ ಇರಲಿಲ್ಲ, ಎತ್ತು ಕುದುರೆ ಇರಲಿಲ್ಲ. ಲಾಮಾ ಇತ್ತು, ಆದರೆ ಅದು ಹೊರುವುದು ಇಪ್ಪತ್ತೈದು ಮೂವತ್ತು ಕಿಲೋ. ಬರವಣಿಗೆಯೂ ಇರಲಿಲ್ಲ. ಬಣ್ಣದ ದಾರಗಳಿಗೆ ಗಂಟು ಹಾಕಿ ಲೆಕ್ಕ ಇಡುತ್ತಿದ್ದರು, ಅದಕ್ಕೆ ಕ್ವಿಪು ಎನ್ನುತ್ತಿದ್ದರು.

ಬಸ್ಸು ಬೆಟ್ಟವನ್ನು ತಿರುವು ತಿರುವಾಗಿ ಹತ್ತಿ ಬಾಗಿಲ ಬಳಿ ನಮ್ಮನ್ನು ಇಳಿಸುತ್ತದೆ. ಒಳಗೆ ಗೊತ್ತುಮಾಡಿದ ದಾರಿಯಲ್ಲೇ ನಡೆಯಬೇಕು, ಬಂದ ದಾರಿಯಲ್ಲಿ ಹಿಂದಿರುಗುವಂತಿಲ್ಲ. ಎರಡು ಎರಡೂವರೆ ಗಂಟೆಯ ನಡಿಗೆ. ಜೊತೆಗೆ ಒಬ್ಬ ಗೈಡ್ ಅಕ್ಕ ಇದ್ದಾಳೆ ಅಂದುಕೊಳ್ಳಿ. ಅವಳು ಮನೆಯಲ್ಲಿ ಮಾತಾಡುವುದು ಇಂಕಾಗಳು ಆಡುತ್ತಿದ್ದ ಕೆಚುವಾ ಭಾಷೆ. ಇಂದಿಗೂ ಲಕ್ಷಾಂತರ ಜನ ಅದನ್ನು ಆಡುತ್ತಾರೆ.

ಇಲ್ಲಿ ಗೈಡ್ ಆಗಿ ಹೆಸರಾದವರಲ್ಲಿ ಒಬ್ಬ ನಿಮ್ಮಂಥ ಹುಡುಗ, ಗೊತ್ತೇ? 1911ರ ಜುಲೈ 24ರಂದು ಅಮೆರಿಕದ ಹೈರಮ್ ಬಿಂಗಮ್ ಈ ಬೆಟ್ಟ ಹತ್ತಿ ಬಂದಾಗ ಇಲ್ಲಿ ರೈತ ಕುಟುಂಬಗಳು ವಾಸವಾಗಿದ್ದವು. ಇಂಕಾಗಳು ಕಟ್ಟಿದ ಮೆಟ್ಟಿಲು ಹೊಲಗಳಲ್ಲೇ ಬೆಳೆ ತೆಗೆಯುತ್ತಿದ್ದವು. ಅಂಥ ಒಂದು ಮನೆಯ ಚಿಕ್ಕ ಹುಡುಗ ಬಿಂಗಮ್‌ನನ್ನು ಕರೆದುಕೊಂಡು ಹೋಗಿ ಗೋಡೆಗಳನ್ನು ತೋರಿಸಿದ. ಬಿಂಗಮ್ ಮಾಚು ಪಿಚುವನ್ನು ಕಂಡುಹಿಡಿದ ಎಂದು ಪುಸ್ತಕಗಳಲ್ಲಿ ಓದಿದಾಗಲೆಲ್ಲ ನನಗೆ ಆ ಹುಡುಗನ ನೆನಪಾಗುತ್ತದೆ. ಬಿಂಗಮ್ ಹೊರ ಜಗತ್ತಿಗೆ ಸುದ್ದಿ ಮುಟ್ಟಿಸಿದ, ಅದು ನಿಜ. ಕಂಡುಹಿಡಿಯುವುದಕ್ಕೆ ಊರೇನೂ ಕಳೆದುಹೋಗಿರಲಿಲ್ಲ.

ಸರಿ, ಮೊದಲು ಮೇಲಿನ ಮೆಟ್ಟಿಲು ಹೊಲಗಳ ತುದಿಗೆ ಹತ್ತೋಣ. ಹುಲ್ಲಿನ ಮಾಡು ಹೊದಿಸಿದ ಒಂದು ಪುಟ್ಟ ಕಾವಲು ಮನೆ ಇಲ್ಲಿದೆ. ಇದರ ಮಾಡು ಈಗಿನವರು ಹೊದಿಸಿದ್ದು, ಆದರೆ ಇಂಕಾಗಳೂ ಹುಲ್ಲನ್ನೇ ಹೊದಿಸುತ್ತಿದ್ದರು. ಮನೆಗಳ ತ್ರಿಕೋನ ಗೋಡೆಗಳನ್ನು ಗಮನಿಸಿ. ಕಲ್ಲಿನ ಗೂಟಗಳು ಹೊರಗೆ ಚಾಚಿಕೊಂಡಿವೆಯಲ್ಲ, ಗಾಳಿಗೆ ಹಾರಿಹೋಗದಂತೆ ಮಾಡನ್ನು ಹಗ್ಗದಿಂದ ಬಿಗಿಯುತ್ತಿದ್ದುದು ಅವಕ್ಕೇ. ಮಾಡಿನ ಇಳಿಜಾರು ತುಂಬ ಕಡಿದು. ಬಿದ್ದ ಮಳೆ ಹುಲ್ಲಿನೊಳಗೆ ಇಳಿಯುವ ಮೊದಲೇ ಜಾರಿ ಕೆಳಗೆ ಬೀಳಲಿ ಎಂದು.

ಕೆಳಗೆ ಬಿದ್ದ ಮೇಲೆ? ಅದಕ್ಕೆ ಉತ್ತರ ಈ ಮೆಟ್ಟಿಲು ಹೊಲಗಳಲ್ಲೇ ಇದೆ. ಒಂದೊಂದು ಮೆಟ್ಟಿಲಿಗೂ ಮುಂದುಗಡೆ ಒಂದು ಕಲ್ಲಿನ ತಡೆಗೋಡೆ. ಅದರ ಹಿಂದೆ ಬರೀ ಮಣ್ಣು ತುಂಬಿದ್ದರೆ ಮೊದಲ ಮಳೆಗಾಲದಲ್ಲೇ ನೆನೆದ ಮಣ್ಣು ಗೋಡೆಯನ್ನು ತಳ್ಳಿ ಉರುಳಿಸುತ್ತಿತ್ತು. ರೈಟ್ ಮತ್ತು ಪೆರುವಿನ ಪುರಾತತ್ವಜ್ಞ ಆಲ್ಫ್ರೆಡೊ ವಲೆನ್ಸಿಯಾ ಅವರ ತಂಡ ಇಲ್ಲಿ ಅಗೆದು ನೋಡಿದಾಗ ಪದರ ಪದರಗಳು ಕಂಡವು. ಮೇಲೆ ಬೆಳೆಗೆ ಬೇಕಾದ ಫಲವತ್ತಾದ ಮಣ್ಣು, ಅದರಡಿ ಮರಳು ಮತ್ತು ಜಲ್ಲಿ, ತಳದಲ್ಲಿ ದೊಡ್ಡ ಕಲ್ಲುಗಳು. ಹೂಕುಂಡಕ್ಕೆ ಮಣ್ಣು ತುಂಬುವ ಮೊದಲು ಅಮ್ಮನೋ ಅಜ್ಜಿಯೋ ತಳದಲ್ಲಿ ಒಡೆದ ಹೆಂಚಿನ ಚೂರು ಹಾಕುವುದನ್ನು ನೋಡಿದ್ದೀರಲ್ಲ, ಕೆಲಸ ಅದೇ, ಅಳತೆ ಮಾತ್ರ ಬೆಟ್ಟದಷ್ಟು. ಗಿಡದ ಬೇರಿಗೆ ಬೇಕಾದಷ್ಟು ತೇವ ಮೇಲಿನ ಮಣ್ಣಿನಲ್ಲಿ ಉಳಿಯುತ್ತದೆ, ಹೆಚ್ಚಾದದ್ದು ಕಲ್ಲುಗಳ ಸಂದಿನಲ್ಲಿ ಸದ್ದಿಲ್ಲದೆ ಇಳಿದುಹೋಗುತ್ತದೆ. ಈ ಹೊಲಗಳಿಗೆ ಕಾಲುವೆಯಿಂದ ನೀರು ಹಾಯಿಸುವ ಏರ್ಪಾಡೇ ಇಲ್ಲ, ಮಳೆಯೇ ಸಾಕಾಗುತ್ತಿತ್ತು. ಮಣ್ಣಿನಲ್ಲಿ ಸಿಕ್ಕ ಪರಾಗದ ಕಣಗಳನ್ನು ಸೂಕ್ಷ್ಮದರ್ಶಕದಲ್ಲಿ ನೋಡಿದವರಿಗೆ ಇಲ್ಲಿ ಮೆಕ್ಕೆಜೋಳ ಬೆಳೆದಿದ್ದರೆಂಬುದೂ ಗೊತ್ತಾಯಿತು.

ಗೈಡ್ ಅಕ್ಕ ಈಗ ಕೆಳಗಿನ ಹಸಿರು ಬಯಲಿನತ್ತ ಕೈ ತೋರಿಸುತ್ತಾಳೆ. ಆ ಬಯಲಿನಡಿಯಲ್ಲಿ ಏನಿದೆ ಗೊತ್ತೇ? ಕಲ್ಲುಚೂರು. ಗೋಡೆಗಳಿಗೆಂದು ಕಲ್ಲು ಕೆತ್ತಿದಾಗ ಉದುರಿದ ಚೂರುಗಳನ್ನು ಇಂಕಾಗಳು ಕಣಿವೆಗೆ ಎಸೆಯಲಿಲ್ಲ. ಬಯಲಿನಡಿ ದಪ್ಪನಾಗಿ ಹರಡಿ ಮೇಲೆ ಮಣ್ಣು ಹಾಕಿದರು. ಸುತ್ತಲಿನ ಮನೆಗಳಿಂದ ಹರಿದು ಬಂದ ನೀರನ್ನು ಆ ಪದರ ಇಂದಿಗೂ ಒಳಗೆ ಎಳೆದುಕೊಳ್ಳುತ್ತದೆ. ನನಗೆ ಈ ಊರಿನಲ್ಲಿ ಎಲ್ಲಕ್ಕಿಂತ ಇಷ್ಟವಾದ ಸಂಗತಿ ಇದು.

ಊರಿನೊಳಗೆ ಕಾಲಿಡುತ್ತಿದ್ದಂತೆ ಗೋಡೆಗಳ ಬುಡವನ್ನು ನೋಡುತ್ತಾ ನಡೆಯಿರಿ. ಅಲ್ಲಲ್ಲಿ ಚಿಕ್ಕ ಚೌಕದ ಕಿಂಡಿಗಳು ಕಾಣುತ್ತವೆ. ಮನೆಯಂಗಳದ ನೀರು ಹೊರಗೆ ಹೋಗಲು ಇಟ್ಟ ಇಂಥ ಕಿಂಡಿಗಳು ಊರಿನಲ್ಲಿ ನೂರಕ್ಕೂ ಹೆಚ್ಚಿವೆ. ಗೋಡೆ ಎಬ್ಬಿಸಿದ ಮೇಲೆ ಕೊರೆದ ತೂತುಗಳಲ್ಲ ಇವು, ಕಟ್ಟುವಾಗಲೇ ಬಿಟ್ಟವು. ಅಂದರೆ ಮೊದಲ ಕಲ್ಲು ಇಡುವ ಮುಂಚೆಯೇ ಯಾರೋ ಒಬ್ಬರು ನಮ್ಮ ಪ್ರಶ್ನೆಯನ್ನೇ ಕೇಳಿದ್ದರು. ಮನೆಗಳ ಕಡೆಗೂ ಹೊಲಗಳ ಕಡೆಗೂ ನಡುವೆ ಒಂದು ಉದ್ದನೆಯ ಕಂದಕ ಬೆಟ್ಟದಿಂದ ಕೆಳಗಿಳಿಯುತ್ತದೆ. ಊರಿನ ದೊಡ್ಡ ಚರಂಡಿ ಅದೇ.

ಬೇಡದ ನೀರನ್ನು ಹೊರಗೆ ಕಳಿಸಿದ್ದಾಯಿತು. ಕುಡಿಯುವ ನೀರು? ಮೇಲಿನ ಬೆಟ್ಟದ ಮಗ್ಗುಲಲ್ಲಿ ಒಂದು ಒರತೆ ಇದೆ. ಬಂಡೆಯ ಬಿರುಕುಗಳಲ್ಲಿ ಇಳಿದ ಮಳೆನೀರು ಅಲ್ಲಿ ಹೊರಬರುತ್ತದೆ. ಊರನ್ನು ಕೆಡವಬಹುದಾಗಿದ್ದ ಬಿರುಕುಗಳೇ ಊರಿಗೆ ನೀರು ಕೊಟ್ಟವು! ಬ್ರೆಜಿಲ್‌ನ ಭೂವಿಜ್ಞಾನಿ ರುವಾಲ್ಡೊ ಮೆನೆಗಾಟ್ 2019ರಲ್ಲಿ ಇನ್ನೊಂದು ಮಾತನ್ನೂ ಹೇಳಿದರು. ಇಂಕಾಗಳು ಹಲವು ಬಿರುಕುಗಳು ಒಂದನ್ನೊಂದು ದಾಟುವ ಇಂಥ ಜಾಗವನ್ನು ತಿಳಿದೇ ಆರಿಸಿಕೊಂಡಿರಬೇಕು, ಏಕೆಂದರೆ ಒಡೆದ ಬಂಡೆಯಿಂದ ಕಲ್ಲು ಬಿಡಿಸುವುದು ಸುಲಭ.

ಒರತೆಯಿಂದ ಊರಿಗೆ ಬರುವ ಕಾಲುವೆ 749 ಮೀಟರ್ ಉದ್ದ. ಅಗಲ ಒಂದು ಗೇಣಿಗಿಂತಲೂ ಕಡಿಮೆ. ಅದರ ಇಳಿಜಾರು ನೂರು ಮೀಟರಿಗೆ ಸುಮಾರು ಮೂರು ಮೀಟರ್. ಇಳಿಜಾರು ಹೆಚ್ಚಾಗಿದ್ದರೆ ನೀರು ರಭಸದಿಂದ ಬಂದು ತಿರುವುಗಳಲ್ಲಿ ಹೊರಗೆ ಚೆಲ್ಲುತ್ತಿತ್ತು, ಕಡಿಮೆಯಾಗಿದ್ದರೆ ಹೂಳು ನಿಂತು ಕಟ್ಟಿಕೊಳ್ಳುತ್ತಿತ್ತು. ಒರತೆ ಮಳೆಯಿಲ್ಲದ ತಿಂಗಳುಗಳಲ್ಲಿ ನಿಮಿಷಕ್ಕೆ ಇಪ್ಪತ್ತಮೂರು ಲೀಟರಿನಷ್ಟು ಇಳಿಯುತ್ತದೆ, ಮಳೆಗಾಲದಲ್ಲಿ ನೂರಿಪ್ಪತ್ತೈದಕ್ಕೆ ಏರುತ್ತದೆ. ಕಾಲುವೆ ಹೊರಬಲ್ಲದ್ದು ಮುನ್ನೂರು ಲೀಟರ್.

ಊರಿಗೆ ಬಂದ ನೀರು ಮೆಟ್ಟಿಲುಗಳ ಪಕ್ಕದಲ್ಲೇ ಒಂದರ ಕೆಳಗೊಂದರಂತೆ ಹದಿನಾರು ತೊಟ್ಟಿಗಳಿಗೆ ಇಳಿಯುತ್ತದೆ. ಮೊದಲ ತೊಟ್ಟಿಯ ಪಕ್ಕ ಅರಸನ ಮನೆ, ಅಂದರೆ ಎಲ್ಲಕ್ಕಿಂತ ಶುದ್ಧವಾದ ನೀರು ಅವನಿಗೆ. ಪ್ರತಿ ತೊಟ್ಟಿಗೂ ನೀರು ಬೀಳುವ ಕಡೆ ಕಲ್ಲಿನಲ್ಲಿ ಕಿರಿದಾದ ಕಚ್ಚು ಕೊರೆದಿದ್ದಾರೆ. ಹರಡಿಕೊಂಡು ಬಂದ ನೀರು ಅಲ್ಲಿ ಒಟ್ಟುಗೂಡಿ ಧಾರೆಯಾಗಿ ಮುಂದಕ್ಕೆ ಚಿಮ್ಮುತ್ತದೆ. ಯಾಕೆ? ಇಂಕಾಗಳ ಮಣ್ಣಿನ ಕೊಡದ ಕುತ್ತಿಗೆ ಸಪುರ, ಧಾರೆ ನೇರವಾಗಿ ಅದರೊಳಗೇ ಬೀಳಬೇಕು. ಊರಿನ ಚರಂಡಿಯ ನೀರು ಈ ಕಾಲುವೆಗೆ ಎಲ್ಲೂ ಸೇರದಂತೆ ನೋಡಿಕೊಂಡಿದ್ದಾರೆ. ಊರಿನ ಕೆಳಗಿನ ಕಾಡಿನಲ್ಲಿ ಮುಚ್ಚಿಹೋಗಿದ್ದ ಕೆಲವು ತೊಟ್ಟಿಗಳನ್ನು ರೈಟ್ ಅವರ ತಂಡ ಕೆರೆದು ತೆಗೆದಾಗ, ಅವುಗಳಲ್ಲಿ ಮತ್ತೆ ನೀರು ಹರಿಯಿತು.

ಹತ್ತಿರದಲ್ಲೇ ಬಾಗಿದ ಗೋಡೆಯ ಸೂರ್ಯ ದೇವಾಲಯ ಇದೆ. ಅದರ ಒಂದು ಕಿಟಕಿಯಿಂದ ಜೂನ್ 21ರ ಸುಮಾರಿಗೆ ಬೆಳಗಿನ ಬಿಸಿಲು ಒಳಗಿನ ಬಂಡೆಯ ಮೇಲೆ ನೇರವಾಗಿ ಬೀಳುತ್ತದೆ. ನಮಗೆ ಅದು ವರ್ಷದ ಅತಿ ಉದ್ದದ ಹಗಲು, ಭೂಮಧ್ಯರೇಖೆಯ ಆ ಕಡೆ ಇರುವ ಪೆರುವಿಗೆ ಅತಿ ಚಿಕ್ಕ ಹಗಲು.

ಈ ದೇವಾಲಯದ ಕಲ್ಲುಗಳ ನಡುವೆ ಗಾರೆ ಇಲ್ಲ. ಒಂದಕ್ಕೊಂದು ಅಷ್ಟು ಸರಿಯಾಗಿ ಕೂತಿವೆ. ಕಬ್ಬಿಣವಿಲ್ಲದೆ ಹೀಗೆ ಕೆತ್ತಿದ್ದು ಹೇಗೆ ಎಂದು ಬಹಳ ಜನ ತಲೆಕೆಡಿಸಿಕೊಂಡಿದ್ದಾರೆ. ಅನ್ಯಗ್ರಹದವರು ಬಂದು ಕಟ್ಟಿದರು ಎನ್ನುವವರೂ ಇದ್ದಾರೆ. ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದ ವಾಸ್ತುಶಿಲ್ಪ ಪ್ರಾಧ್ಯಾಪಕ ಜಾನ್ ಪಿಯರ್ ಪ್ರೋಟ್ಸೆನ್ ಸುಮ್ಮನೆ ಊಹಿಸುತ್ತಾ ಕೂರಲಿಲ್ಲ. ಇಂಕಾಗಳು ಕಲ್ಲು ತೆಗೆದ ಗಣಿಗಳಿಗೇ ಹೋದರು. ಅಲ್ಲಿ ಬಿದ್ದಿದ್ದ ಗಟ್ಟಿ ಗುಂಡುಕಲ್ಲನ್ನು ಎತ್ತಿಕೊಂಡು ಬಂಡೆಯನ್ನು ಜಜ್ಜಿ ನೋಡಿದರು. ಚೂರು ಚೂರಾಗಿ ಬಂಡೆ ಹೇಳಿದಂತೆ ಕೇಳಿತು! ಅಂಚಿನ ಬಳಿ ಚಿಕ್ಕ ಗುಂಡುಕಲ್ಲು ಬೇಕೆಂದೂ ಅವರಿಗೆ ತಿಳಿಯಿತು. ಇಂಕಾ ಗೋಡೆಯ ಕಲ್ಲನ್ನು ಹತ್ತಿರದಿಂದ ನೋಡಿದರೆ ನಡುವೆ ದೊಡ್ಡ ಗುರುತು, ಅಂಚಿನಲ್ಲಿ ಸಣ್ಣ ಗುರುತು. ಗುಂಡುಕಲ್ಲಿನ ಪೆಟ್ಟಿನ ಗುರುತುಗಳೇ ಅವು.

ಗೋಡೆಗಳು ಮೇಲೆ ಹೋದಂತೆ ಒಳಕ್ಕೆ ಸ್ವಲ್ಪ ವಾಲಿವೆ, ಬಾಗಿಲು ಕಿಟಕಿಗಳು ಕೆಳಗೆ ಅಗಲ, ಮೇಲೆ ಕಿರಿದು. ಭೂಮಿ ನಡುಗಿದಾಗ ಈ ಆಕಾರ ಸುಲಭವಾಗಿ ಬೀಳುವುದಿಲ್ಲ. 1950ರಲ್ಲಿ ಕುಸ್ಕೊದಲ್ಲಿ ಭೂಕಂಪವಾದಾಗ, ಇಂಕಾ ದೇವಾಲಯದ ಮೇಲೆ ಸ್ಪೇನಿನವರು ಕಟ್ಟಿದ್ದ ಚರ್ಚಿನ ಕಟ್ಟಡ ಕುಸಿಯಿತು. ಅಡಿಯಲ್ಲಿದ್ದ ಇಂಕಾ ಗೋಡೆಗಳು ನಿಂತೇ ಇದ್ದವು.

ಕೊನೆಗೆ ಪ್ರಧಾನ ದೇವಾಲಯ. ಇಲ್ಲಿ ಮೂಲೆಯೊಂದರ ದೊಡ್ಡ ಕಲ್ಲುಗಳು ಸಂದು ಬಿಟ್ಟು ವಾಲಿರುವುದನ್ನು ನೋಡಿ. ಕಲ್ಲುಕೆಲಸ ಚೆನ್ನಾಗಿಯೇ ಇದೆ, ಕುಸಿದದ್ದು ಅದರಡಿಯ ನೆಲ. ಗೋಡೆ ಎಷ್ಟೇ ಗಟ್ಟಿಯಾಗಿರಲಿ, ನೆಲ ಇಳಿದರೆ ಅದೂ ಇಳಿಯಲೇಬೇಕು.

ನೆಲದಡಿಯ ಈ ಕೆಲಸವನ್ನು ನೀವು ಮನೆಯಲ್ಲೇ ಮಾಡಿ ನೋಡಬಹುದು. ಒಂದೇ ಅಳತೆಯ ಎರಡು ಪ್ಲಾಸ್ಟಿಕ್ ಡಬ್ಬಿ ತೆಗೆದುಕೊಂಡು ದೊಡ್ಡವರಿಂದ ತಳಕ್ಕೆ ನಾಲ್ಕಾರು ತೂತು ಮಾಡಿಸಿ. ಒಂದಕ್ಕೆ ಪೂರ್ತಿ ಜಿಗುಟು ಮಣ್ಣು ತುಂಬಿ. ಇನ್ನೊಂದಕ್ಕೆ ತಳದಲ್ಲಿ ಬೆಣಚುಕಲ್ಲು, ಮೇಲೆ ದಪ್ಪ ಮರಳು, ಕೊನೆಗೆ ಮೂರು ಬೆರಳಿನಷ್ಟು ಅದೇ ಮಣ್ಣು ಹಾಕಿ. ಎರಡಕ್ಕೂ ಒಂದೊಂದು ಲೋಟ ನೀರು ನಿಧಾನವಾಗಿ ಸುರಿದು, ಮೊದಲ ಹನಿ ಕೆಳಗೆ ಬೀಳಲು ಎಷ್ಟು ಹೊತ್ತಾಯಿತು, ಅರ್ಧ ಗಂಟೆಯಲ್ಲಿ ಎಷ್ಟು ನೀರು ಹೊರಬಂತು, ಅದರ ಬಣ್ಣ ಹೇಗಿದೆ ಎಂದು ಬರೆದಿಟ್ಟುಕೊಳ್ಳಿ. ಆಮೇಲೆ ಎರಡನೇ ಡಬ್ಬಿಯ ಮರಳಿನ ಪದರ ತೆಗೆದು, ಕಲ್ಲಿನ ಮೇಲೆ ನೇರವಾಗಿ ಮಣ್ಣು ಹಾಕಿ ಇನ್ನೊಮ್ಮೆ ನೀರು ಸುರಿಯಿರಿ. ನಡುವೆ ಮರಳು ಯಾಕೆ ಬೇಕಿತ್ತು ಎಂಬುದನ್ನು ಕೆಳಗೆ ಬಂದ ನೀರಿನ ಬಣ್ಣದಲ್ಲಿ ಹುಡುಕಿ.