ಗೋಲಿನ ಮುಂದೆ ನಿಂತವರು



ಜಮಖಂಡಿ ತಾಲ್ಲೂಕಿನ ಚಿಕ್ಕಪಡಸಲಗಿಯ ಹೆಸರನ್ನು ನಿಮ್ಮಲ್ಲಿ ಅನೇಕರು ಕೇಳಿರುತ್ತೀರಿ. ಆ ಭಾಗದ ರೈತರು 1989ರಲ್ಲಿ ತಾವೇ ಹಣ ಕೂಡಿಸಿ, ತಾವೇ ಮೈಮುರಿದು ದುಡಿದು ಕೃಷ್ಣಾ ನದಿಗೆ ಬ್ಯಾರೇಜು ಕಟ್ಟಿದ ಸ್ಥಳ ಅದು. ಆ ದಡದ ಮಕ್ಕಳಿಗೆ ಒಂದು ಸಂಗತಿಯನ್ನು ನಾನು ಬಿಡಿಸಿ ಹೇಳಬೇಕಾಗಿಲ್ಲ. ಬ್ಯಾರೇಜಿನ ಗೇಟುಗಳು ನೀರನ್ನು ಹಿಡಿದು ನಿಂತಿರುವಷ್ಟು ದಿನ ಅವುಗಳ ಮಾತನ್ನು ಯಾರೂ ಎತ್ತುವುದಿಲ್ಲ. ಎಲ್ಲಿಯಾದರೂ ಒಂದು ಕಡೆ ಸೋರಿತೆನ್ನಿ, ಊರಲ್ಲೆಲ್ಲ ಅದೇ ಸುದ್ದಿ! ಹಾಕಿ ಆಟದಲ್ಲಿ ಗೋಲ್‌ಕೀಪರ್ ಎಂಬವನ ಪಾಡು ಹೆಚ್ಚು ಕಡಿಮೆ ಇದೇ. ಇಂದು ನಾನು ನಿಮಗೆ ಅಂಥ ಒಬ್ಬರ ವಿಷಯ ಹೇಳಬೇಕೆಂದಿದ್ದೇನೆ. ಅವರು ಬೆಂಗಳೂರಿನ ಆಶಿಶ್ ಬಲ್ಲಾಳ್.

ನಿಮ್ಮ ಕಡೆ ಕುಸ್ತಿ ಮತ್ತು ಸೈಕಲ್ ಸ್ಪರ್ಧೆಗಳಿಗೆ ಇರುವ ಮರ್ಯಾದೆ ಹಾಕಿಗೆ ಇಲ್ಲ. ಆದ್ದರಿಂದ ಆಟದ ಬಗ್ಗೆಯೇ ಒಂದೆರಡು ಮಾತು ಹೇಳಿ ಮುಂದುವರಿಯುತ್ತೇನೆ. ಹಾಕಿ ಎಂಬ ಹೆಸರಿನಲ್ಲಿ ಜಗತ್ತಿನಲ್ಲಿ ಎರಡು ಆಟಗಳಿವೆ. ನಮ್ಮದು ಮೈದಾನದ ಹಾಕಿ. ಕೆನಡಾದಂತಹ ಶೀತದೇಶಗಳಲ್ಲಿ ಹಾಕಿ ಎಂದರೆ ಮಂಜುಗಡ್ಡೆಯ ಮೇಲೆ ಆಡುವ ಐಸ್ ಹಾಕಿ. ನಮ್ಮ ಲಡಾಖಿನಲ್ಲಿಯೂ ಚಳಿಗಾಲದಲ್ಲಿ ಕೆರೆಗಳು ಹೆಪ್ಪುಗಟ್ಟಿದಾಗ ಅದನ್ನು ಆಡುತ್ತಾರೆ. ಅಲ್ಲಿ ಚೆಂಡಿಲ್ಲ. ಗಟ್ಟಿ ರಬ್ಬರಿನ, ಮೂರು ಅಂಗುಲ ಅಗಲದ, ಒಂದು ಅಂಗುಲ ದಪ್ಪದ ಬಿಲ್ಲೆ ಇರುತ್ತದೆ. ಅದಕ್ಕೆ ಪಕ್ ಎಂದು ಹೆಸರು. ಆ ಆಟದ ಪ್ರಸಿದ್ಧ ಗೋಲ್‌ಕೀಪರ್ ಮಾಂಟ್ರಿಯಲ್ ತಂಡದ ಜಾಕ್ ಪ್ಲಾಂಟ್. 1959ರ ನವೆಂಬರ್ 1ರಂದು ನ್ಯೂಯಾರ್ಕಿನಲ್ಲಿ ಪಕ್ ಅವನ ಮುಖಕ್ಕೆ ಬಡಿಯಿತು. ಒಳಗೆ ಹೋಗಿ ಹೊಲಿಗೆ ಹಾಕಿಸಿಕೊಂಡು ಬಂದವನು, ಮುಖವಾಡ ಧರಿಸಿದರೆ ಮಾತ್ರ ಆಡುತ್ತೇನೆಂದು ಹಟ ಹಿಡಿದ. ಮುಖವಾಡ ಹಾಕುವವನು ಅಂಜುಬುರುಕ ಎಂದು ಭಾವಿಸುತ್ತಿದ್ದ ಕಾಲ ಅದು. ಇಂದು ಮುಖವಾಡವಿಲ್ಲದ ಕೀಪರನನ್ನು ಆ ಆಟದಲ್ಲಿ ಕಾಣಲಾರಿರಿ.

ಎರಡು ಆಟಗಳಿಗೂ ಇನ್ನೊಂದು ವ್ಯತ್ಯಾಸವಿದೆ. ಪ್ಲಾಂಟನಂಥವರು ಕರಾರು ಮಾಡಿಕೊಂಡು, ಸಂಬಳ ಪಡೆದು ಆಡುತ್ತಿದ್ದ ವೃತ್ತಿಪರರು. ಆಟವೇ ಅವರ ಉದ್ಯೋಗ. ನಮ್ಮ ಹಾಕಿ ಆಟಗಾರರಿಗೆ ಬಹುಕಾಲ ಆ ಭಾಗ್ಯವಿರಲಿಲ್ಲ. ರೈಲ್ವೆ, ಸೈನ್ಯ, ಪೊಲೀಸು, ವಿಮಾನ ಸಂಸ್ಥೆ, ಬ್ಯಾಂಕು, ಹೀಗೆ ಎಲ್ಲಿಯಾದರೂ ಒಂದು ನೌಕರಿ ಹಿಡಿದು, ಆ ನೌಕರಿಯ ಬಲದ ಮೇಲೆ ಅವರು ದೇಶಕ್ಕಾಗಿ ಆಡಬೇಕಾಗಿತ್ತು.

ಬಲ್ಲಾಳರು ಹುಟ್ಟಿದ್ದು 1970ರಲ್ಲಿ. ಅವರು ಬೆಳೆಯುವ ಹೊತ್ತಿಗೆ ಹಾಕಿ ಹುಲ್ಲಿನ ಮೈದಾನದಿಂದ ಕೃತಕ ಹಾಸಿನ ಮೇಲೆ ಹೋಗಿತ್ತು. 1976ರ ಮಾಂಟ್ರಿಯಲ್ ಒಲಿಂಪಿಕ್ಸ್‌ನಲ್ಲಿ ಮೊದಲ ಬಾರಿಗೆ ಅಂಥ ಹಾಸಿನ ಮೇಲೆ ಪಂದ್ಯಗಳು ನಡೆದವು. ಹುಲ್ಲಿನ ಮೇಲೆ ಚೆಂಡು ಕುಪ್ಪಳಿಸುತ್ತ, ಅಲ್ಲಲ್ಲಿ ತಡೆದು ಬರುತ್ತಿತ್ತು. ಹಾಸಿನ ಮೇಲಾದರೋ ಬಾಣದಂತೆ ಬರುತ್ತದೆ. ಇದರಿಂದ ಗೋಲ್‌ಕೀಪರನ ಕೆಲಸವೇ ಬೇರೆಯಾಯಿತು. 1992ರ ಬಾರ್ಸಿಲೋನಾ ಒಲಿಂಪಿಕ್ಸ್‌ಗೆ ಹೋದ ಭಾರತ ತಂಡದಲ್ಲಿ ಬಲ್ಲಾಳರಿದ್ದರು. ಜೊತೆಗೆ ಕೊಡಗಿನ ಎ. ಬಿ. ಸುಬ್ಬಯ್ಯನವರೂ ಇದ್ದರು. ಒಂದೇ ತಂಡದಲ್ಲಿ ಕರ್ನಾಟಕದ ಇಬ್ಬರು ಗೋಲ್‌ಕೀಪರುಗಳು! ಕೇಳಲು ಹೆಮ್ಮೆಯ ಸಂಗತಿಯೇ. ಆದರೆ ಆಡುವ ಸ್ಥಾನ ಒಂದೇ ಎಂಬುದನ್ನು ಮರೆಯಬೇಡಿ. ಒಬ್ಬರು ಮೈದಾನದಲ್ಲಿದ್ದರೆ ಇನ್ನೊಬ್ಬರು ಹೊರಗೆ ಕುಳಿತಿರಬೇಕು.

ಈಗ 1998ರ ಡಿಸೆಂಬರಿಗೆ ಬರೋಣ. ಸ್ಥಳ ಬ್ಯಾಂಕಾಕ್, ಏಷ್ಯನ್ ಕ್ರೀಡಾಕೂಟದ ಹಾಕಿ ಫೈನಲ್. ಎದುರಾಳಿ ದಕ್ಷಿಣ ಕೊರಿಯಾ. ನಮ್ಮ ನಾಯಕ ಧನರಾಜ್ ಪಿಳ್ಳೆ, ತರಬೇತುದಾರ ಎಂ. ಕೆ. ಕೌಶಿಕ್. ಭಾರತ ಈ ಕೂಟದ ಹಾಕಿ ಚಿನ್ನವನ್ನು ಗೆದ್ದು 32 ವರ್ಷಗಳಾಗಿದ್ದವು. ಪಂದ್ಯ 1-1ರಲ್ಲಿ ನಿಂತಿತು. ಹೆಚ್ಚಿನ ಅವಧಿಯಲ್ಲಿಯೂ ಇತ್ಯರ್ಥವಾಗಲಿಲ್ಲ. ಉಳಿದದ್ದು ಟೈಬ್ರೇಕರ್, ಅಂದರೆ ಎರಡೂ ಕಡೆಯವರಿಗೆ ಐದೈದು ಪೆನಾಲ್ಟಿ ಸ್ಟ್ರೋಕ್.

ಪೆನಾಲ್ಟಿ ಸ್ಟ್ರೋಕ್ ಎಂದರೇನೆಂದು ಕೊಂಚ ಲೆಕ್ಕ ಹಾಕಿಯೇ ನೋಡೋಣ. ನಿಮ್ಮಲ್ಲಿ ವಿಜ್ಞಾನ ಓದುವವರು ಕಾಗದ ಪೆನ್ಸಿಲ್ಲು ತೆಗೆದುಕೊಳ್ಳಬಹುದು. ಗೋಲಿನ ಅಗಲ 3.66 ಮೀಟರ್, ಎತ್ತರ 2.14 ಮೀಟರ್. ಅದರ ಮುಂದೆ ಏಳು ಗಜ ದೂರದಲ್ಲಿ, ಎಂದರೆ ಸುಮಾರು 6.4 ಮೀಟರಿನಲ್ಲಿ, ಚೆಂಡನ್ನಿಡುತ್ತಾರೆ. ಕೀಪರನ ಎರಡೂ ಪಾದಗಳು ಗೋಲಿನ ಗೆರೆಯ ಮೇಲಿರಬೇಕು. ಎದುರಾಳಿ ಚೆಂಡನ್ನು ಆಡುವ ತನಕ ಅವನು ಪಾದ ಕದಲಿಸುವಂತಿಲ್ಲ. ಚೆಂಡು ಗಂಟೆಗೆ 80 ಕಿಲೋಮೀಟರ್ ವೇಗದಲ್ಲಿ ಹೊರಟಿತೆಂದು ಇಟ್ಟುಕೊಳ್ಳಿ. ಸೆಕೆಂಡಿಗೆ 22 ಮೀಟರ್ ಆಯಿತು. ಗೋಲು ಮುಟ್ಟಲು ಅದಕ್ಕೆ ಬೇಕಾದದ್ದು ಸೆಕೆಂಡಿನ ಹತ್ತರಲ್ಲಿ ಮೂರು ಭಾಗ. ಕಣ್ಣಿಗೆ ಕಂಡದ್ದು ಮಿದುಳಿಗೆ ಮುಟ್ಟಿ, ಅಲ್ಲಿಂದ ಅಪ್ಪಣೆ ಹೊರಟು, ಸ್ನಾಯು ಅಲುಗಲು ಸಾಮಾನ್ಯವಾಗಿ ಹತ್ತರಲ್ಲಿ ಎರಡು ಭಾಗ ಹೋಗಿಬಿಡುತ್ತದೆ. ಉಳಿದ ಒಂದು ಭಾಗದಲ್ಲಿ ಅವನು ಪ್ಯಾಡು ಕಟ್ಟಿದ ಮೈಯನ್ನು ಎಡಕ್ಕೋ ಬಲಕ್ಕೋ ಎಸೆಯಬೇಕು. ಲೆಕ್ಕದ ಪ್ರಕಾರ ಇದು ಆಗುವ ಕೆಲಸವೇ ಅಲ್ಲ! ಆದ್ದರಿಂದ ಒಳ್ಳೆಯ ಕೀಪರ್ ಚೆಂಡನ್ನು ನೋಡುತ್ತ ಕೂಡುವುದಿಲ್ಲ. ಚೆಂಡಿನ ಹಿಂದೆ ನಿಂತವನ ಹೆಗಲು ಯಾವ ಕಡೆ ವಾಲಿದೆ, ಮುಂಗೈ ಹೇಗೆ ತಿರುಗಿದೆ, ಮುಂದಿಟ್ಟ ಕಾಲು ಎತ್ತ ಮುಖ ಮಾಡಿದೆ ಎಂಬುದನ್ನು ಓದುತ್ತಾನೆ. ಇದನ್ನು ಪುಸ್ತಕದಿಂದ ಕಲಿಯಲಾಗದು. ಸಾವಿರಾರು ಸಲ ತಪ್ಪು ಕಡೆಗೆ ಹಾರಿಯೇ ಕಲಿಯಬೇಕು.

ಆ ದಿನ ಬಲ್ಲಾಳರು ಕೊರಿಯಾದ ಎರಡು ಸ್ಟ್ರೋಕುಗಳನ್ನು ತಡೆದರು. ನಮ್ಮವರು ನಾಲ್ಕು ಗೋಲು ಹೊಡೆದರು. 4-2ರಿಂದ ಚಿನ್ನ ಭಾರತದ್ದಾಯಿತು.

ಆ ಗೆಲುವಿನ ಹಿಂದೆ ಹೆಚ್ಚಿಗೆ ಯಾರ ಕಣ್ಣಿಗೂ ಬೀಳದ ಇನ್ನೊಬ್ಬರಿದ್ದರು. ಅವರು ತಂಡದ ಗೋಲ್‌ಕೀಪಿಂಗ್ ತರಬೇತುದಾರ ಮೀರ್ ರಂಜನ್ ನೇಗಿ. 1982ರ ದೆಹಲಿ ಏಷ್ಯನ್ ಕ್ರೀಡಾಕೂಟದ ಫೈನಲ್‌ನಲ್ಲಿ ಪಾಕಿಸ್ತಾನ ನಮ್ಮನ್ನು 7-1ರಿಂದ ಸೋಲಿಸಿದಾಗ ಗೋಲಿನಲ್ಲಿದ್ದವರು ಈ ನೇಗಿ. ಮೈದಾನದಲ್ಲಿ ಹನ್ನೊಂದು ಜನರಿದ್ದರೂ ದೂರು ಬಂದದ್ದು ಒಬ್ಬರ ತಲೆಗೆ. ಅವರು ಮಾರಿಕೊಂಡರೆಂದೂ ದೇಶದ್ರೋಹಿ ಎಂದೂ ಜನ ಆಡಿಕೊಂಡರು. ಹದಿನಾರು ವರ್ಷಗಳ ನಂತರ, ಬ್ಯಾಂಕಾಕಿನಲ್ಲಿ, ಅವರು ತಿದ್ದಿ ತಯಾರು ಮಾಡಿದ ಕೀಪರುಗಳ ಕೈಯಿಂದಲೇ ಚಿನ್ನ ಬಂದಿತು. 2007ರ ‘ಚಕ್ ದೇ ಇಂಡಿಯಾ’ ಹಿಂದಿ ಚಲನಚಿತ್ರದ ನಟಿಯರಿಗೆ ಹಾಕಿ ಕಲಿಸಿದವರೂ ಇವರೇ.

ಇಷ್ಟಾದ ಮೇಲೆ ಬಲ್ಲಾಳರಿಗೆ ಏನಾಯಿತೆಂದು ನೀವು ಕೇಳುವಿರಿ. ಮುಂದಿನ ಸರಣಿಗೆ ತಂಡ ಪ್ರಕಟವಾದಾಗ ನಾಯಕ ಪಿಳ್ಳೆ ಇರಲಿಲ್ಲ, ಬಲ್ಲಾಳರೂ ಇರಲಿಲ್ಲ. ಇನ್ನೂ ಕೆಲವು ಹಿರಿಯರನ್ನು ಕೈಬಿಡಲಾಗಿತ್ತು. ಇವರಿಗೆ ವಿಶ್ರಾಂತಿ ಕೊಡಲಾಗಿದೆ ಎಂಬುದು ಅಧಿಕೃತ ವಿವರಣೆ. ಆಗ ಬಲ್ಲಾಳರಿಗೆ 28 ವರ್ಷ. ಗೋಲ್‌ಕೀಪರನಿಗೆ ಅದು ವಿಶ್ರಾಂತಿಯ ವಯಸ್ಸಲ್ಲ. ಅನುಭವದಿಂದ ಬೆಳೆಯುವ ಸ್ಥಾನ ಅದು, ಮೂವತ್ತು ದಾಟಿದವರೇ ಅಲ್ಲಿ ಹೆಚ್ಚು ನಂಬಿಗಸ್ತರು. ಕೇರಳದ ಪಿ. ಆರ್. ಶ್ರೀಜೇಶ್ 2024ರ ಪ್ಯಾರಿಸ್ ಒಲಿಂಪಿಕ್ಸ್‌ನಲ್ಲಿ ಎರಡನೆಯ ಕಂಚು ಗೆದ್ದು ನಿವೃತ್ತರಾದಾಗ ಅವರಿಗೆ 36 ತುಂಬಿತ್ತು. ಅವರು ತೊಡುತ್ತಿದ್ದ 16ನೆಯ ಸಂಖ್ಯೆಯ ಅಂಗಿಯನ್ನೂ ಹಾಕಿ ಇಂಡಿಯಾ ಅವರೊಂದಿಗೇ ನಿವೃತ್ತಿಗೊಳಿಸಿತು. 1998ರ ಚಿನ್ನಕ್ಕೆ ಸಿಕ್ಕ ಮರ್ಯಾದೆಯನ್ನು ಇದರ ಪಕ್ಕದಲ್ಲಿಟ್ಟು ನೋಡಿದರೆ ನನಗಂತೂ ನಾಚಿಕೆ ಎನಿಸುತ್ತದೆ.

ಆ 32 ವರ್ಷಗಳ ಹಿಂದಿನ ಚಿನ್ನದ ಮಾತು ಹೇಳದೆ ಇದು ಪೂರ್ಣವಾಗದು. ಅದು 1966ರದು. ಊರು ಇದೇ ಬ್ಯಾಂಕಾಕ್. ಆ ತಂಡದ ನಾಯಕನೂ ಒಬ್ಬ ಗೋಲ್‌ಕೀಪರ್, ಹೆಸರು ಶಂಕರ ಲಕ್ಷ್ಮಣ್. ಮಧ್ಯಪ್ರದೇಶದ ಮಹೂ ಊರಿನವರು. ಸೇರಿದ್ದು ಮರಾಠಾ ಲಘು ಪದಾತಿ ದಳ. ಆ ದಳದ ಕೇಂದ್ರ ನಮ್ಮ ಬೆಳಗಾವಿಯಲ್ಲಿದೆ. 1956ರ ಮೆಲ್ಬರ್ನ್ ಒಲಿಂಪಿಕ್ಸ್‌ನಲ್ಲಿ ಭಾರತ 38 ಗೋಲು ಹೊಡೆಯಿತು, ಎದುರಾಳಿಗಳಿಗೆ ಒಂದನ್ನೂ ಬಿಟ್ಟುಕೊಡಲಿಲ್ಲ. ಆ ತಂಡದ ಕೀಪರ್ ಅವರು. 1960ರಲ್ಲಿ ರೋಮ್‌ನಲ್ಲಿ ಬೆಳ್ಳಿ, 1964ರಲ್ಲಿ ಟೋಕಿಯೋದಲ್ಲಿ ಮತ್ತೆ ಚಿನ್ನ. ಮೂರೂ ಫೈನಲ್‌ಗಳಲ್ಲಿ ಎದುರಾಳಿ ಪಾಕಿಸ್ತಾನ, ಮೂರರಲ್ಲೂ ಅಂತರ ಒಂದೇ ಗೋಲು. ತಲೆಗೆ ಹೆಲ್ಮೆಟ್ ಇಲ್ಲದೆ ಆಡುತ್ತಿದ್ದ ಕಾಲ ಅದು. ಅರ್ಜುನ ಪ್ರಶಸ್ತಿ ಬಂತು, ಪದ್ಮಶ್ರೀ ಬಂತು. ಸೈನ್ಯದಿಂದ ನಿವೃತ್ತರಾಗಿ ಮಹೂವಿಗೆ ಹಿಂದಿರುಗಿದರು. 2006ರ ಏಪ್ರಿಲ್‌ನಲ್ಲಿ, ಕಾಲಿಗೆ ಕೊಳೆರೋಗ ಹತ್ತಿ, ಬಡತನದಲ್ಲಿ ತೀರಿಕೊಂಡರು. ಅಷ್ಟು ಚೆಂಡುಗಳನ್ನು ತಡೆದ ಕಾಲು ಅದು.

ಬಲ್ಲಾಳರ ದಾರಿ ಹಾಗಾಗಲಿಲ್ಲವೆಂಬುದು ಸಮಾಧಾನ. ಅವರು ಬೆಂಗಳೂರಿನಲ್ಲಿ ಮಕ್ಕಳಿಗೆ ಹಾಕಿ ಕಲಿಸುವ ಕೆಲಸಕ್ಕೆ ತೊಡಗಿದರು. ಅವರು ಆಡಿದ ಟೈಬ್ರೇಕರ್ ಮಾತ್ರ ಈಗ ಉಳಿದಿಲ್ಲ. ಪಂದ್ಯ ಸಮನಾದರೆ ಈಗ ಆಟಗಾರ 23 ಮೀಟರ್ ಗೆರೆಯಿಂದ ಚೆಂಡು ಹಿಡಿದು ಹೊರಡುತ್ತಾನೆ, ಎಂಟು ಸೆಕೆಂಡಿನೊಳಗೆ ಗೋಲು ಹೊಡೆಯಬೇಕು. ಕೀಪರ್ ಗೆರೆ ಬಿಟ್ಟು ಮುಂದೆ ನುಗ್ಗಿ ಬರಬಹುದು, ಅಡ್ಡ ಬೀಳಬಹುದು. ಪಾದ ಕದಲಿಸದೆ ಗೆರೆಯ ಮೇಲೆ ನಿಂತು ಕಾಯುವ ಆ ಹಳೆಯ ಸ್ಟ್ರೋಕ್ ಇಂದು ಕಾಣಸಿಗುವುದು, ಆಟದ ನಡುವೆ ದೊಡ್ಡ ತಪ್ಪು ನಡೆದು ಅಂಪೈರ್ ಅದನ್ನು ವಿಧಿಸಿದಾಗ ಮಾತ್ರ.