ನಗುವ ಸರದಿ

‘ಎಸ್ಕಿಮೋ’ ಎಂದೊಡನೆ ನಿಮ್ಮ ಕಣ್ಣೆದುರು ಏನು ನಿಲ್ಲುತ್ತದೆ? ಹಿಮದ ಗುಮ್ಮಟದಂಥ ಮನೆ, ನಾಯಿ ಎಳೆಯುವ ಬಂಡಿ, ತೊಗಲಿನ ನಿಲುವಂಗಿಯೊಳಗಿನ ಒಂದು ನಗುಮುಖ. ಭೂಗೋಳದ ಪಾಠದಲ್ಲಿ ನಾವು ಕಲಿಸಿದ್ದೂ ಇಷ್ಟೇ. ಕೆನಡಾದ ಆ ಜನಕ್ಕೆ ಈ ಹೆಸರು ಹಿಡಿಸದು. ತಮ್ಮನ್ನು ಅವರು ‘ಇನುಯಿಟ್’ ಎಂದು ಕರೆದುಕೊಳ್ಳುತ್ತಾರೆ, ಎಂದರೆ ‘ಮನುಷ್ಯರು’. ಇದಕ್ಕಿಂತ ಸರಳವಾದ ಹೆಸರು ಯಾವುದಿದ್ದೀತು?

ಆ ಹಳೆಯ ಚಿತ್ರವನ್ನು ಲೋಕದ ಮನಸ್ಸಿನಲ್ಲಿ ಅಚ್ಚೊತ್ತಿದ್ದರಲ್ಲಿ ರಾಬರ್ಟ್ ಫ್ಲಾಹರ್ಟಿಯ ‘ನಾನೂಕ್ ಆಫ್ ದಿ ನಾರ್ತ್’ ಎಂಬ 1922ರ ಮೂಕಚಿತ್ರದ ಪಾಲು ದೊಡ್ಡದು. ಅದರಲ್ಲಿ ನಾಯಕ ಗ್ರಾಮಫೋನಿನ ತಟ್ಟೆಯನ್ನು ಹಲ್ಲಿನಿಂದ ಕಚ್ಚಿ ನೋಡುತ್ತಾನೆ. ಜನ ನಕ್ಕರು. ಆದರೆ ಆ ಪಾತ್ರ ವಹಿಸಿದವನ ನಿಜನಾಮ ಅಲ್ಲಾಕರಿಯಲ್ಲಾಕ್. ಗ್ರಾಮಫೋನು ಅವನಿಗೆ ಹೊಸದಾಗಿರಲಿಲ್ಲ. ಆಗಲೇ ಬಂದೂಕು ಬಳಸುತ್ತಿದ್ದವರು ಚಿತ್ರಕ್ಕಾಗಿ ಈಟಿ ಹಿಡಿದರು. ಕ್ಯಾಮೆರಾಕ್ಕೆ ಬೆಳಕು ಸಾಲದೆಂದು ಅರ್ಧ ತೆರೆದ ಹಿಮದ ಮನೆ ಕಟ್ಟಿ, ಆ ಚಳಿಯಲ್ಲೇ ಸಂಸಾರ ಮಲಗೇಳುವುದನ್ನು ತೋರಿಸಿದರು. ಹಾಗಾದರೆ, ತಟ್ಟೆ ಕಚ್ಚಿದ ಆ ತಮಾಷೆಯಲ್ಲಿ ಮರುಳಾದವರು ಯಾರು?

2006ರಲ್ಲಿ ಇನ್ನೊಂದು ಚಿತ್ರ ಬಂತು: ‘ಕಲ್ಲುನಾತ್! ಬಿಳಿಯರೇಕೆ ತಮಾಷೆಯ ಜನ?’ ಕೆನಡಾದ ರಾಷ್ಟ್ರೀಯ ಚಲನಚಿತ್ರ ಮಂಡಲಿಯದು. ನಿರ್ದೇಶಕರು ಮಾರ್ಕ್ ಸ್ಯಾಂಡಿಫರ್ಡ್. ಕಲ್ಲುನಾತ್ ಎಂದರೆ ಇನುಯಿಟ್ ನುಡಿಯಲ್ಲಿ ಬಿಳಿಯರು. ಅವರನ್ನು ಅಭ್ಯಾಸ ಮಾಡಲೆಂದು ಇಲ್ಲಿ ಒಂದು ಕಲ್ಪಿತ ಸಂಶೋಧನಾಲಯವಿದೆ. ಇನುಯಿಟ್ ‘ವಿದ್ವಾಂಸರು’ ಅಲ್ಲಿ ಕುಳಿತು ಗಂಭೀರವಾಗಿ ವಿಚಾರ ಮಾಡುತ್ತಾರೆ. ಈ ಜನ ಎದುರಾದಾಗ ಅರ್ಥವಿಲ್ಲದ ಕುಶಲಪ್ರಶ್ನೆ ಕೇಳುತ್ತಾರಲ್ಲ, ಏಕೆ? ಚಳಿ ಚಳಿ ಎಂದು ಗೊಣಗುತ್ತಲೇ ಉತ್ತರಧ್ರುವವನ್ನು ಹುಡುಕುತ್ತ ಬಂದು ಸಿಕ್ಕಿಹಾಕಿಕೊಳ್ಳುವುದೇಕೆ? ಕಂಡ ನೆಲವೆಲ್ಲ ತನ್ನದಾಗಬೇಕೆಂಬ ಚಪಲವೇಕೆ? ನಮ್ಮ ಅಲಂಕಾರಶಾಸ್ತ್ರದ ವ್ಯಾಜಸ್ತುತಿಯನ್ನು ನೀವು ಬಲ್ಲಿರಿ: ಹೊಗಳಿದಂತೆ ಮಾಡಿ ತೆಗಳುವುದು. ಇದು ಅದರ ದಾಯಾದಿ. ಬೈಗುಳ ಒಂದೂ ಬೇಡ. ಇಷ್ಟು ದಿನ ಅಳೆದ ಕೋಲಿನಿಂದಲೇ ಅಳೆದವನನ್ನೂ ಅಳೆದರೆ ಸಾಕು.

ಈ ನಗೆಯ ಹಿಂದೆ ನೋವಿಲ್ಲವೆಂದಲ್ಲ. ಅಡ್ಡಹೆಸರಿಲ್ಲದ ಈ ಜನರ ಲೆಕ್ಕವಿಡಲು ಸರ್ಕಾರ 1940ರ ದಶಕದಿಂದ 1970ರ ದಶಕದವರೆಗೆ ಒಬ್ಬೊಬ್ಬರಿಗೂ ಸಂಖ್ಯೆ ಕೊರೆದ ಬಿಲ್ಲೆ ಕೊಟ್ಟಿತ್ತು. ಚಿತ್ರದ ಮುಖ್ಯ ಪಾತ್ರಧಾರಿ, ಲೇಖಕ ಜೆಬೆಡೀ ನುಂಗಾಕ್ ಅವರನ್ನು 1960ರ ದಶಕದಲ್ಲಿ, ಇನ್ನೂ ಹುಡುಗನಾಗಿದ್ದಾಗ, ಮತ್ತಿಬ್ಬರ ಜೊತೆ ಒಟ್ಟಾವಾಕ್ಕೆ ಕರೆದೊಯ್ದು ಬಿಳಿಯರ ಮನೆಗಳಲ್ಲಿಟ್ಟು ಓದಿಸಿದರು, ಅದೊಂದು ಪ್ರಯೋಗ. ಪ್ರಯೋಗಕ್ಕೊಳಗಾದ ಹುಡುಗನೂ ಸುಮ್ಮನೆ ಕುಳಿತಿರಲಿಲ್ಲ, ಕಣ್ಣು ತೆರೆದು ನೋಡುತ್ತಿದ್ದ. ದೊಡ್ಡವರಾದ ಮೇಲೆ ತಮ್ಮ ಆ ಶಾಸ್ತ್ರಕ್ಕೆ ಹೆಸರನ್ನೂ ಇಟ್ಟರು, ‘ಕಲ್ಲುನಾಲಜಿ’ ಎಂದು. ನಮ್ಮ ಪಂಡಿತರ ಕೈಗೆ ಸಿಕ್ಕರೆ ಇದು ‘ಶ್ವೇತಜನಮೀಮಾಂಸೆ’ ಆದೀತು. ನನಗಂತೂ ‘ಬಿಳಿಯರ ಓದು’ ಎಂದರೆ ಸಾಕು.