ಕಣದಿಂದ ಹೊರಟ ಕಾಳು

(ಸಂಘದ ವಾರ್ಷಿಕೋತ್ಸವದ ಸಭೆಯಲ್ಲಿ ಮಾಡಿದ ಭಾಷಣದ ಬರಹರೂಪ)



ದೇಶದ ಆರ್ಥಿಕ ಪ್ರಗತಿಯಲ್ಲಿ ಬೇಸಾಯದ ಪಾತ್ರವೇನು ಎಂಬುದನ್ನು ಕುರಿತು ನಾಲ್ಕು ಮಾತುಗಳನ್ನಾಡಬೇಕೆಂದು ಸಂಘದವರು ಅಪ್ಪಣೆ ಮಾಡಿದ್ದಾರೆ. ನಾನು ಅರ್ಥಶಾಸ್ತ್ರದ ಪಂಡಿತನಲ್ಲ. ಒಕ್ಕಲುತನದ ಮನೆಯಲ್ಲಿ ಹುಟ್ಟಿ, ಕನ್ನಡ ಶಾಲೆಯಲ್ಲಿ ಮಕ್ಕಳಿಗೆ ಪಾಠ ಹೇಳಿ ಕಾಲ ಕಳೆದವನು. ಆದುದರಿಂದ ದೊಡ್ಡ ಸಿದ್ಧಾಂತಗಳನ್ನು ಬಿಟ್ಟು, ನಮ್ಮ ಕಣದಲ್ಲಿ ನಿಂತು ಕೇಳಬಹುದಾದ ಒಂದೇ ಪ್ರಶ್ನೆಯನ್ನು ತಮ್ಮ ಮುಂದಿಡುತ್ತೇನೆ: ರಾಶಿಯಾದ ಮೇಲೆ ಕಣದಿಂದ ಹೊರಟ ಕಾಳು ಎಲ್ಲಿಗೆ ಹೋಯಿತು? ಹೋದದ್ದರಲ್ಲಿ ತಿರುಗಿ ಬಂದದ್ದೆಷ್ಟು?

ಉಳುವವನು ತಾನು ಉಣ್ಣುವುದಕ್ಕಿಂತ ಒಂದು ಸೇರು ಹೆಚ್ಚು ಬೆಳೆದಂದೇ ನಾಗರಿಕತೆಯು ಹುಟ್ಟಿತು. ಆ ಮಿಗುತಾಯದ ಕಾಳನ್ನುಂಡು ಕಮ್ಮಾರನು ಕುಳವನ್ನು ಬಡಿದನು, ಬಡಿಗನು ಕೂರಿಗೆಯನ್ನು ಕೆತ್ತಿದನು, ನೇಯಿಗೆಯವನು ಬಟ್ಟೆಯನ್ನು ನೆಯ್ದನು. ನಮ್ಮ ಹಳ್ಳಿಗಳಲ್ಲಿ ಸುಗ್ಗಿಯ ಕಾಲಕ್ಕೆ ಆಯಗಾರರು ಕಣಕ್ಕೆ ಬಂದು ತಮ್ಮ ಪಾಲಿನ ಆಯವನ್ನು ಪಡೆಯುತ್ತಿದ್ದ ಪದ್ಧತಿಯನ್ನು ಹಿರಿಯರು ಕಂಡಿದ್ದಾರೆ. ಅದರಲ್ಲಿ ಮೇಲುಕೀಳಿನ ಕಳಂಕವಿದ್ದಿತೆಂಬುದನ್ನು ಮರೆಮಾಚಬೇಕಾಗಿಲ್ಲ. ಬೆವರು ಸುರಿಸಿದವರಿಗೆಲ್ಲ ಸಮನಾದ ಪಾಲು ಸಿಕ್ಕಲಿಲ್ಲ. ಆದರೂ ಕೈಗಾರಿಕೆಯ ಮೊದಲ ಬಂಡವಾಳ ಕಣದ ರಾಶಿಯೇ ಎಂಬ ಮಾತಿಗೆ ಅದಕ್ಕಿಂತ ಸುಲಭವಾದ ಸಾಕ್ಷಿ ಬೇರೆ ಇಲ್ಲ.

ನಮ್ಮ ಸೀಮೆಯ ಇತಿಹಾಸವನ್ನೇ ನೋಡೋಣ. ತಾಂಡೂರಿನ ಮಗ್ಗುಲಲ್ಲಿ ಹರಿಯುವ ಕಾಗಿಣಾ ಹೊಳೆಯು ಕೆಳಗೆ ಮಳಖೇಡವನ್ನು ಮುಟ್ಟಿ ಮುಂದೆ ಭೀಮೆಯನ್ನು ಕೂಡುತ್ತದೆ. ಆ ಮಳಖೇಡವೇ ರಾಷ್ಟ್ರಕೂಟರ ಮಾನ್ಯಖೇಟ. ಒಂಬತ್ತನೆಯ ಶತಮಾನದಲ್ಲಿ ನೃಪತುಂಗನ ಆಸ್ಥಾನದಲ್ಲಿ ಹುಟ್ಟಿದ ‘ಕವಿರಾಜಮಾರ್ಗ’ವು ಕನ್ನಡ ನಾಡಿನ ಉತ್ತರದ ಮೇರೆಯಾಗಿ ಗೋದಾವರಿಯನ್ನು ಹೆಸರಿಸುತ್ತದೆ. ನಾರಾಯಣಖೇಡದ ಕಡೆಯ ಮಾಂಜ್ರಾ ನದಿಯು ಸೇರುವುದು ಆ ಗೋದಾವರಿಯನ್ನೇ. ನಮ್ಮ ಮೂರು ತಾಲೂಕುಗಳ ನೀರು ಎರಡು ಮಹಾನದಿಗಳಿಗೆ ಹಂಚಿಹೋಗುವಂತೆ, ನಮ್ಮ ನೆಲದ ಧಾನ್ಯವೂ ಹಲವು ರಾಜಧಾನಿಗಳಿಗೆ ಹಂಚಿಹೋಯಿತು. ಮಾನ್ಯಖೇಟದ ಬಳಿಕ ಚಾಲುಕ್ಯರ ಕಲ್ಯಾಣ, ಅನಂತರ ಬಹಮನಿಯರ ಬೀದರ, ಕೊನೆಗೆ ಹೈದರಾಬಾದು. ಕಾವ್ಯವೂ ಕಟ್ಟಡವೂ ಸೈನ್ಯವೂ ಬಹುಮಟ್ಟಿಗೆ ನಿಂತದ್ದು ಎರೆಯ ಹೊಲದ ಜೋಳದ ಮೇಲೆ, ಒಕ್ಕಲಿಗನು ತೆತ್ತ ಕಂದಾಯದ ಮೇಲೆ.

ಹನ್ನೆರಡನೆಯ ಶತಮಾನದ ಕಲ್ಯಾಣದಲ್ಲಿ ಈ ಪ್ರಶ್ನೆಯನ್ನು ಶರಣರು ನೇರವಾಗಿ ಎತ್ತಿಕೊಂಡರು. ದುಡಿಮೆಗೆ ಕಾಯಕವೆಂದರು, ಫಲದ ಹಂಚಿಕೆಗೆ ದಾಸೋಹವೆಂದರು. ಒಕ್ಕಲಿಗ ಮುದ್ದಣ್ಣನು ನೇಗಿಲ ಕಾಯಕದವನಾಗಿಯೇ ವಚನಕಾರರ ಸಾಲಿನಲ್ಲಿ ಕುಳಿತನು. ಆಯ್ದಕ್ಕಿ ಮಾರಯ್ಯನು ಒಂದು ದಿನ ಎಂದಿಗಿಂತ ಹೆಚ್ಚು ಅಕ್ಕಿಯನ್ನು ಆಯ್ದು ತಂದಾಗ, ಅವನ ಮಡದಿ ಲಕ್ಕಮ್ಮನು ಅದನ್ನು ಒಪ್ಪದೆ ಹಿಂದಕ್ಕೆ ಸುರಿದು ಬರುವಂತೆ ಕಳುಹಿಸಿದ ಕಥೆಯನ್ನು ನಮ್ಮ ಮನೆಗಳ ಮಕ್ಕಳೆಲ್ಲರೂ ಬಲ್ಲರು. ಹೆಚ್ಚಿನ ಕಾಳು ಯಾರಿಗೆ ಸೇರತಕ್ಕದ್ದು ಎಂಬ ಪ್ರಶ್ನೆಗೆ ಒಬ್ಬ ಬಡ ಗೃಹಿಣಿಯು ಕೊಟ್ಟ ಉತ್ತರವದು.

ಮುಂದಿನ ಆಳ್ವಿಕೆಗಳಲ್ಲಿ ಆ ಉತ್ತರವು ಮರೆಯಾಯಿತು. ಬೀದರದಲ್ಲಿ ಮಹಮೂದ ಗವಾನನು ಹದಿನೈದನೆಯ ಶತಮಾನದಲ್ಲಿಯೇ ಭೂಮಿಯನ್ನು ಅಳೆಯಿಸಿ ಕಂದಾಯಕ್ಕೊಂದು ಕ್ರಮವನ್ನು ತರಲು ಯತ್ನಿಸಿದನು. 1481ರಲ್ಲಿ ಅವನ ಕೊಲೆಯಾಯಿತು. ನಿಜಾಮರ ಕಾಲದಲ್ಲಿ ಕಂದಾಯವಸೂಲಿಯನ್ನು ಗುತ್ತೆಗೆ ಕೊಡುವ ಪದ್ಧತಿಯು ಬೆಳೆಯಿತು. ಗುತ್ತೆಯವನಿಗೆ ಈ ವರ್ಷದ ವಸೂಲಿಯ ಚಿಂತೆಯೇ ಹೊರತು ಬರುವ ವರ್ಷದ ಬಿತ್ತನೆಯ ಚಿಂತೆಯಲ್ಲ. 1853ರಲ್ಲಿ ದಿವಾನರಾದ ಮೊದಲನೆಯ ಸಾಲಾರ್ ಜಂಗರು ಆ ಪದ್ಧತಿಯನ್ನು ತೆಗೆದು ಜಿಲ್ಲೆಗಳ ಆಡಳಿತವನ್ನು ಏರ್ಪಡಿಸಿದರು. ಆದರೂ ಸಂಸ್ಥಾನದ ನೆಲದ ಬಹುದೊಡ್ಡ ಭಾಗವು ಜಹಗೀರು, ಪಾಯಗಾ, ಸರ್ಫೇಖಾಸುಗಳ ಕೈಯಲ್ಲಿಯೇ ಉಳಿಯಿತು. ಜಹಗೀರುಗಳು ರದ್ದಾದುದು 1949ರಲ್ಲಿ. ಗೇಣಿದಾರನಿಗೆ ಕಾಯಿದೆಯ ರಕ್ಷಣೆ ದೊರೆತದ್ದು 1950ರಲ್ಲಿ. ಉತ್ತವನಿಗೆ ನೆಲದ ಮೇಲೆ ಹಕ್ಕಿಲ್ಲದ ಕಡೆಯಲ್ಲಿ ಅವನು ಬಾವಿಯನ್ನೇಕೆ ತೋಡಿಯಾನು? ಬದುವನ್ನೇಕೆ ಹಾಕಿಯಾನು? ನಮ್ಮ ಸೀಮೆಯು ಹಿಂದುಳಿದುದಕ್ಕೆ ನೆಲದ ಬಡತನಕ್ಕಿಂತಲೂ ಹಕ್ಕಿನ ಬಡತನವೇ ಹೆಚ್ಚಿನ ಕಾರಣವೆಂದು ನನ್ನ ಭಾವನೆ.

1874ರಲ್ಲಿ ವಾಡಿಯಿಂದ ಹೈದರಾಬಾದಿಗೆ ರೈಲು ಬಂದಿತು. ತಾಂಡೂರು ಆ ದಾರಿಯ ನಿಲ್ದಾಣವಾಯಿತು. ಊರು ಬೆಳೆಯಿತು, ಪೇಟೆ ಬೆಳೆಯಿತು. ಅಲ್ಲಿಗೆ ಒಂದು ಹಳೆಯ ವ್ಯವಸ್ಥೆಯೂ ಮೆಲ್ಲನೆ ಕೊನೆಗಾಣತೊಡಗಿತು. ಮೊದಲು ಹಳ್ಳಿಯು ತನ್ನ ಜೋಳವನ್ನು ಹಗೇವಿನಲ್ಲಿ ತುಂಬಿ ಬರದ ವರ್ಷಕ್ಕೆಂದು ಕಾದಿಡುತ್ತಿತ್ತು. ಪೇಟೆಯ ಕರೆ ಬಂದ ಮೇಲೆ ಕಾಳು ಹಣವಾಯಿತು, ಹಗೇವು ಬರಿದಾಯಿತು. ರೈಲು ಬರಗಾಲದಲ್ಲಿ ಧಾನ್ಯವನ್ನು ತರಬಲ್ಲುದು ನಿಜ. ಸುಗ್ಗಿಯಲ್ಲಿ ಒಯ್ಯಬಲ್ಲುದು ಎಂಬುದೂ ಅಷ್ಟೇ ನಿಜ. ಆ ಎರಡರಲ್ಲಿ ಯಾವುದಾಗಬೇಕೆಂಬುದನ್ನು ನಿರ್ಣಯಿಸುವುದು ಹಳಿಯಲ್ಲ, ಕೊಳ್ಳುವವನ ಕೈಯಲ್ಲಿರುವ ಹಣ.

ಈಗ ಸ್ವಲ್ಪ ಹೊರದೇಶಗಳ ಕಡೆಗೆ ದೃಷ್ಟಿ ಹರಿಸೋಣ. ಇಂಗ್ಲೆಂಡಿನಲ್ಲಿ ಯಂತ್ರಗಳು ಬರುವುದಕ್ಕಿಂತ ಮುಂಚೆ ಹೊಲಗಳು ಬದಲಾದವು. ನಾರ್‌ಫೋಕ್ ಪ್ರಾಂತದ ರೈತರು ಗೋಧಿ, ಟರ್ನಿಪ್ ಗೆಡ್ಡೆ, ಬಾರ್ಲಿ, ಕ್ಲೋವರ್ ಎಂಬ ನಾಲ್ಕು ಬೆಳೆಗಳನ್ನು ಸರದಿಯ ಮೇಲೆ ಬೆಳೆದು ಬೀಳುನೆಲವನ್ನು ತಪ್ಪಿಸಿದರು. ಕ್ಲೋವರೆಂಬುದು ನಮ್ಮ ತೊಗರಿಯಂತೆ ಬೇರುಗಂಟುಗಳಿಂದ ನೆಲಕ್ಕೆ ಸಾರಜನಕವನ್ನು ಕೊಡುವ ಜಾತಿಯದು. ನಮ್ಮ ಹಿರಿಯರು ಜೋಳದ ನಡುವೆ ತೊಗರಿಯನ್ನು ಅಕ್ಕಡಿಯಾಗಿ ಬಿತ್ತುತ್ತಿದ್ದುದೂ ಅದೇ ವಿದ್ಯೆ. ವಿದ್ಯೆಯಲ್ಲಿ ನಾವು ಕಡಮೆಯಾಗಿರಲಿಲ್ಲ. ಆದರೆ ಅಲ್ಲಿಯ ಮಿಗುತಾಯವು ಅಲ್ಲಿಯ ಕಾಲುವೆಗೂ ಗಿರಣಿಗೂ ಸೇರಿತು. ಅಲ್ಲಿಯೂ ಬಡವರು ಊರುಗೋಮಾಳವನ್ನು ಕಳೆದುಕೊಂಡು ಪಟ್ಟಣದ ಗಿರಣಿಗಳಿಗೆ ಗುಳೆ ಹೋದರೆಂಬುದನ್ನು ಮರೆಯಬಾರದು.

ಜಪಾನಿನ ಸರಕಾರವು 1873ರಲ್ಲಿ ಭೂಮಿಯ ಬೆಲೆಯ ಮೇಲೆ ನೂರಕ್ಕೆ ಮೂರರಂತೆ ಹಣದ ಕಂದಾಯವನ್ನು ವಿಧಿಸಿತು. ರೈತರು ದಂಗೆಯೆದ್ದರು, 1877ರಲ್ಲಿ ಅದನ್ನು ಎರಡೂವರೆಗೆ ಇಳಿಸಬೇಕಾಯಿತು. ಹೊರೆ ಕಠಿನವಾಗಿದ್ದರೂ ಆ ಹಣದಿಂದ ಶಾಲೆಗಳಾದವು, ಬೀಜ ಗೊಬ್ಬರಗಳ ಸಂಶೋಧನೆಯಾಯಿತು, ಕಾರ್ಖಾನೆಗಳೆದ್ದವು. ರಷ್ಯಾದಲ್ಲಿಯಾದರೋ ಕಾರ್ಖಾನೆಗಳ ಅವಸರಕ್ಕಾಗಿ ರೈತನ ಕಣಜವನ್ನೇ ಬಳಿದೊಯ್ದುದರಿಂದ 1932-33ರಲ್ಲಿ ಧಾನ್ಯದ ಕಣಜವೆನಿಸಿದ ಉಕ್ರೇನಿನಲ್ಲಿಯೇ ಲಕ್ಷಾಂತರ ಜನರು ಹಸಿವಿನಿಂದ ಸತ್ತರು. ಹೊಲವು ಕಾರ್ಖಾನೆಯನ್ನು ಸಾಕಬಲ್ಲುದು. ಆದರೆ ಹೊಲಕ್ಕೆ ಏನನ್ನೂ ತಿರುಗಿ ಕೊಡದ ಕಾರ್ಖಾನೆಯು ತಾಯಿಯನ್ನು ತಿಂದ ಮಗನಂತೆ.

ನಮ್ಮ ದೇಶದಲ್ಲಿ ಸ್ವಾತಂತ್ರ್ಯ ಬಂದ ಹೊಸತರಲ್ಲಿ ರಾಷ್ಟ್ರದ ಆದಾಯದ ಅರ್ಧದಷ್ಟು ಬೇಸಾಯದಿಂದ ಬರುತ್ತಿತ್ತು. ಇಂದು ಅದು ಐದನೆಯ ಒಂದು ಪಾಲಿಗೂ ಕಡಮೆ. ಆದರೆ ದುಡಿಯುವ ಕೈಗಳಲ್ಲಿ ನೂರಕ್ಕೆ ನಲವತ್ತಕ್ಕೂ ಹೆಚ್ಚು ಇನ್ನೂ ಹೊಲದಲ್ಲಿಯೇ ಇವೆ. ಅಂದರೆ ಚಿಕ್ಕದಾದ ರೊಟ್ಟಿಯನ್ನು ದೊಡ್ಡ ಪಂಕ್ತಿಯು ಹಂಚಿಕೊಳ್ಳುತ್ತಿದೆ. ರೈತನ ಮಗನು ಹೈದರಾಬಾದಿನ ಬಸ್ಸನ್ನು ಹತ್ತುವುದು ನೆಲದ ಮೇಲಿನ ಬೇಸರದಿಂದಲ್ಲ, ಈ ಲೆಕ್ಕದಿಂದ.

ಇನ್ನು ನಮ್ಮ ಗಡಿನಾಡಿನ ಮಾತು. 1956ರ ನವೆಂಬರ್ 1ರಂದು ಬೀದರ ಜಿಲ್ಲೆಯಲ್ಲಿದ್ದ ಜಹೀರಾಬಾದು ತಾಲೂಕಿನ ಬಹುಭಾಗವೂ ನಾರಾಯಣಖೇಡವೂ, ಕಲಬುರ್ಗಿ ಜಿಲ್ಲೆಯಲ್ಲಿದ್ದ ತಾಂಡೂರೂ ಅಂದಿನ ಆಂಧ್ರಪ್ರದೇಶಕ್ಕೆ ಸೇರಿದವು. 2014ರಿಂದ ನಾವು ತೆಲಂಗಾಣದವರು. ಗಡಿಯ ಕಲ್ಲು ಬಿದ್ದರೂ ನೆಲದ ಗುಣ ಬದಲಾಗಲಿಲ್ಲ. ಕಲಬುರ್ಗಿಯ ತೊಗರಿಗೆ 2019ರಲ್ಲಿ, ತಾಂಡೂರಿನ ತೊಗರಿಗೆ 2022ರಲ್ಲಿ ಭೌಗೋಳಿಕ ಗುರುತಿನ ಮನ್ನಣೆ ದೊರೆಯಿತು. ಸುಣ್ಣಗಲ್ಲಿನ ನೆಲದ ಮೇಲಿನ ಒಂದೇ ಬಗೆಯ ಎರೆಯು ಎರಡು ರಾಜ್ಯಗಳಲ್ಲಿ ಎರಡು ಪ್ರಶಸ್ತಿಗಳನ್ನು ಪಡೆಯಿತು.

ಒಂದು ಸಣ್ಣ ಅನುಭವವನ್ನು ಹೇಳಲು ಅಪ್ಪಣೆಯಿರಲಿ. ನಾನು ಹುಡುಗನಾಗಿದ್ದಾಗ ತಂದೆಯವರೊಡನೆ ತೊಗರಿಯ ಬಂಡಿಯಲ್ಲಿ ಪೇಟೆಗೆ ಹೋಗಿದ್ದೆ. ಅಡತಿಯ ಅಂಗಡಿಯಲ್ಲಿ ತೂಕವಾಗಿ ಚೀಟಿ ಕೈಗೆ ಬಂದಿತು. ತಂದೆಯವರು ಕನ್ನಡವನ್ನು ಮಾತ್ರ ಓದಬಲ್ಲವರು. ಚೀಟಿಯು ಬೇರೆ ಲಿಪಿಯಲ್ಲಿತ್ತು. ಹಿಂದಿರುಗುವಾಗ ಅವರು, “ತಮ್ಮಾ, ಕಾಳು ನಮ್ದು, ಲೆಕ್ಕ ಅವರ್ದು ಆಯ್ತು ನೋಡು” ಎಂದರು. ಆ ಚೀಟಿಯಲ್ಲಿ ತಪ್ಪಿತ್ತೋ ಸರಿಯಿತ್ತೋ ನಮಗೆ ಎಂದೂ ತಿಳಿಯಲಿಲ್ಲ. ತಿಳಿಯದೆ ಉಳಿದದ್ದೇ ನಷ್ಟವೆಂದು ಈಗ ಅರಿವಾಗುತ್ತದೆ. ಆದುದರಿಂದ ಮನೆಯಲ್ಲಿ ಕನ್ನಡವನ್ನು ಉಳಿಸಿಕೊಳ್ಳಿರಿ, ಅದರ ಜೊತೆಗೆ ತೆಲುಗಿನ ಲೆಕ್ಕವನ್ನೂ ಕಾಗದವನ್ನೂ ಚೆನ್ನಾಗಿ ಕಲಿಯಿರಿ ಎಂದು ಮಕ್ಕಳಿಗೆ ಹೇಳುತ್ತಾ ಬಂದಿದ್ದೇನೆ. ಇವೆರಡಕ್ಕೂ ವಿರೋಧವಿಲ್ಲ.

ಕಾಳನ್ನೂ ಲೆಕ್ಕವನ್ನೂ ತಮ್ಮ ಕೈಯಲ್ಲಿಯೇ ಇಟ್ಟುಕೊಂಡವರ ಉದಾಹರಣೆಯೊಂದು ಜಹೀರಾಬಾದಿನ ಮಗ್ಗುಲಲ್ಲಿಯೇ ಇದೆ. 1983ರಲ್ಲಿ ಅಂದಿನ ಸರಕಾರವು ಕಿಲೋಗೆ ಎರಡು ರೂಪಾಯಿಯಂತೆ ಅಕ್ಕಿಯನ್ನು ಕೊಡತೊಡಗಿತು. ಬಡವನ ಹೊಟ್ಟೆ ತುಂಬಿತು, ಅದಕ್ಕೆ ಕೃತಜ್ಞರಾಗಿರಬೇಕು. ಆದರೆ ಜೋಳ, ಸಜ್ಜೆ, ನವಣೆ, ಸಾವೆಗಳನ್ನು ಬೆಳೆಯುತ್ತಿದ್ದ ಕೆಂಪು ಮರಡಿಯ ತುಂಡುನೆಲಗಳಿಗೆ ಕೇಳುವವರಿಲ್ಲದಂತಾಯಿತು, ಹಲವೆಡೆ ಅವು ಬೀಳುಬಿದ್ದವು. ಅದೇ ವರ್ಷ ಆರಂಭವಾದ, ಪಸ್ತಾಪುರದ ಡೆಕ್ಕನ್ ಡೆವಲಪ್‌ಮೆಂಟ್ ಸೊಸೈಟಿಯ ಆಶ್ರಯದಲ್ಲಿ ಹಳ್ಳಿಹಳ್ಳಿಯ ಹೆಂಗಸರು, ಹೆಚ್ಚಿನವರು ದಲಿತ ಕುಟುಂಬದವರು, ಸಂಘಗಳನ್ನು ಕಟ್ಟಿಕೊಂಡರು. ಅದರ ಸ್ಥಾಪಕರಲ್ಲೊಬ್ಬರಾಗಿ 2023ರ ಮಾರ್ಚಿಯಲ್ಲಿ ತೀರಿಕೊಳ್ಳುವವರೆಗೂ ದುಡಿದ ಪಿ. ವಿ. ಸತೀಶರು ಮೈಸೂರು ಸೀಮೆಯ ಕನ್ನಡಿಗರೆಂಬುದು ನಮಗೆ ಅಭಿಮಾನದ ಸಂಗತಿ.

1990ರ ದಶಕದ ನಡುವಿನಲ್ಲಿ ಈ ಹೆಂಗಸರು ಒಂದು ಧಾನ್ಯನಿಧಿಯನ್ನು ಏರ್ಪಡಿಸಿದರು. ಬೀಳುನೆಲವುಳ್ಳ ಸಣ್ಣ ಒಕ್ಕಲಿಗನಿಗೆ ಉಳುಮೆಗೆ, ಗೊಬ್ಬರಕ್ಕೆ, ಬೀಜಕ್ಕೆ ಮುಂಗಡ ಸಾಲ ಕೊಡುವುದು. ಅವನು ಅದನ್ನು ಕೆಲವು ವರ್ಷಗಳಲ್ಲಿ ಜೋಳದ ರೂಪದಲ್ಲಿ ತೀರಿಸುವುದು. ಆ ಜೋಳವನ್ನು ಊರಿನಲ್ಲಿಯೇ ಕೂಡಿಟ್ಟು ಬಿರುಬೇಸಗೆಯ ತಿಂಗಳುಗಳಲ್ಲಿ ಅತಿ ಬಡವರಿಗೆ ಕಡಮೆ ಬೆಲೆಗೆ ಕೊಡುವುದು. ಬಂದ ಹಣವನ್ನು ಮರಳಿ ನೆಲಕ್ಕೆ ಹಾಕುವುದು. ಯಾರು ಅತಿ ಬಡವರೆಂಬುದನ್ನು ಊರವರೇ ಕುಳಿತು ಗೊತ್ತುಮಾಡಿದರು. ಕಣದಿಂದ ಹೊರಟ ಕಾಳು ಊರಿನ ಸೀಮೆಯನ್ನು ದಾಟುವ ಮೊದಲೇ ಊರಿನ ಹಸಿವನ್ನು ಕಂಡು ಮಾತನಾಡಿಸಿ ಬಂದಿತು! ಬೀಜವನ್ನೂ ಅವರು ಮಾರಲಿಲ್ಲ. ಸಾಲವಾಗಿ ಕೊಟ್ಟು, ಸುಗ್ಗಿಯಲ್ಲಿ ಹೆಚ್ಚಿಗೆಯಾಗಿ ಪಡೆದು, ಬೂದಿ ಬೇವಿನೆಲೆಗಳೊಡನೆ ಮಡಕೆಯಲ್ಲಿ ಕಾಪಾಡಿದರು. 2008ರಲ್ಲಿ ಮಾಚನೂರಿನಲ್ಲಿ ತಮ್ಮದೇ ಬಾನುಲಿ ಕೇಂದ್ರವನ್ನು ತೆರೆದರು. 2019ರಲ್ಲಿ ವಿಶ್ವಸಂಸ್ಥೆಯ ಅಭಿವೃದ್ಧಿ ಕಾರ್ಯಕ್ರಮದ ಈಕ್ವೇಟರ್ ಪ್ರಶಸ್ತಿಯು ಅವರನ್ನರಸಿ ಬಂದಿತು. 2023ನ್ನು ವಿಶ್ವಸಂಸ್ಥೆಯು ಸಿರಿಧಾನ್ಯಗಳ ವರ್ಷವೆಂದು ಆಚರಿಸಿದಾಗ, ಒಂದು ಕಾಲಕ್ಕೆ ಬಡವರ ಕೂಳೆಂದು ಹಳಿದ ಸಾವೆ, ನವಣೆಗಳು ಪಟ್ಟಣದ ಅಂಗಡಿಗಳಲ್ಲಿ ಅಕ್ಕಿಗಿಂತ ಹೆಚ್ಚಿನ ಬೆಲೆಗೆ ಮಾರಾಟವಾಗುತ್ತಿದ್ದವು.

ಎಲ್ಲರೂ ಸಾವೆಯನ್ನೇ ಬೆಳೆಯಿರಿ ಎಂದು ನಾನು ಹೇಳುತ್ತಿಲ್ಲ. ಕಬ್ಬು, ಶುಂಠಿ, ಆಲೂಗಡ್ಡೆಗಳು ಜಹೀರಾಬಾದಿನ ಎಷ್ಟೋ ಮನೆಗಳಿಗೆ ಹೆಂಚು ಹೊದಿಸಿವೆ, ಮಕ್ಕಳನ್ನು ಓದಿಸಿವೆ. ಟ್ರ್ಯಾಕ್ಟರು ತಯಾರಿಸುವ ದೊಡ್ಡ ಕಾರ್ಖಾನೆಯೂ ಅಲ್ಲಿಯೇ ಇದೆ. ನ್ಯಾಲ್ಕಲ್, ಝರಾಸಂಗಮದ ಕಡೆ ಹನ್ನೆರಡು ಸಾವಿರ ಎಕರೆಗೂ ಮೀರಿದ ಉತ್ಪಾದನಾ ವಲಯಕ್ಕೆ 2016ರಲ್ಲಿ ಮಂಜೂರಾತಿ ದೊರೆತಿದೆ. ಕೈಗಾರಿಕೆಯು ಬರಲಿ, ಬೇಡವೆನ್ನಲು ನಾವು ಯಾರು? ಆದರೆ ಲಕ್ಕಮ್ಮನ ಪ್ರಶ್ನೆಯನ್ನು ಕೇಳುವ ಅಧಿಕಾರ ನಮಗಿದೆ. ನೆಲ ಕೊಟ್ಟವನ ಮಗನಿಗೆ ಅಲ್ಲಿ ಕಾವಲುಗಾರನ ಕೆಲಸವೋ, ಕುಶಲಕರ್ಮಿಯ ಕೆಲಸವೋ? ಪರಿಹಾರದ ಹಣವು ಮುಂದಿನ ಪೀಳಿಗೆಯ ವಿದ್ಯೆಯಾಗುವುದೋ, ಮದುವೆಯ ಚಪ್ಪರದಲ್ಲಿ ಕರಗುವುದೋ? ಇವುಗಳಲ್ಲಿ ಮೊದಲನೆಯದನ್ನು ಸರಕಾರವನ್ನು ಕೇಳಬೇಕು, ಎರಡನೆಯದನ್ನು ನಮ್ಮನ್ನು ನಾವೇ ಕೇಳಿಕೊಳ್ಳಬೇಕು.

ಕೊನೆಗೆ ಸಂಘದವರಲ್ಲಿ ಎರಡು ಅರಿಕೆಗಳು. ನಮ್ಮ ಕನ್ನಡ ಶಾಲೆಗಳಲ್ಲಿ ಒಂದೊಂದು ಬೀಜದ ಕಪಾಟನ್ನಿಡಿರಿ. ಮಕ್ಕಳು ತಮ್ಮ ಮನೆಯ ಬೀಜವನ್ನು ತಂದು, ಅಜ್ಜಿ ಹೇಳಿದ ಹೆಸರನ್ನು ಚೀಟಿಯಲ್ಲಿ ಬರೆದು ಅಂಟಿಸಲಿ. ಬೀಜ ಹೋದರೆ ಹೆಸರು ಹೋಗುತ್ತದೆ, ಹೆಸರು ಹೋದರೆ ಭಾಷೆಯ ಒಂದು ತೆನೆ ಉದುರುತ್ತದೆ. ಎರಡನೆಯದಾಗಿ, ತಿಂಗಳಿಗೊಮ್ಮೆ ಓದುಬರಹ ಬಲ್ಲ ತರುಣರು ಕುಳಿತು ರೈತರ ಪಹಣಿ, ಸಾಲಪತ್ರ, ಪೇಟೆಯ ಚೀಟಿಗಳನ್ನು ಓದಿ ಕನ್ನಡದಲ್ಲಿ ತಿಳಿಸಿ ಹೇಳಲಿ. ಇದಕ್ಕೆ ಹಣ ಬೇಡ, ಒಂದು ಜಮಖಾನೆ ಸಾಕು.

ಎಳ್ಳಮಾವಾಸ್ಯೆಯ ದಿನ ನಾವೆಲ್ಲರೂ ಬುತ್ತಿ ಕಟ್ಟಿಕೊಂಡು ಹೊಲಕ್ಕೆ ಹೋಗುತ್ತೇವೆ. ಉಣ್ಣುವುದಕ್ಕೆ ಮೊದಲು ಹೊಲದ ಸುತ್ತ ಚರಗ ಚೆಲ್ಲುತ್ತೇವೆ. ಪಡೆದವರು ಮೊದಲು ಕೊಡಬೇಕು, ಆಮೇಲೆ ಉಣ್ಣಬೇಕು ಎಂಬ ಈ ನಡತೆಯನ್ನು ನಮ್ಮ ಮನೆಯ ಹೆಣ್ಣುಮಕ್ಕಳು ಯಾವ ಗ್ರಂಥದಿಂದಲೂ ಕಲಿತದ್ದಲ್ಲ. ದೇಶದ ಏಳಿಗೆಯ ಅರ್ಥಶಾಸ್ತ್ರವೂ ಇದಕ್ಕಿಂತ ಬಹಳ ದೂರವಿಲ್ಲವೆಂದು ಭಾವಿಸುತ್ತೇನೆ.